ನಿವೃತ್ತಿಯ ನಂತರವೂ ಬೆನ್ನುಹತ್ತುವ ಶಿಸ್ತು ಕ್ರಮ: ಬ್ಯಾಂಕ್ ನೌಕರರು ಪಿಂಚಣಿ, ಗ್ರಾಚ್ಯುಟಿ ಉಳಿಸಿಕೊಳ್ಳಲು ಒಂದು ಸಮಗ್ರ ಮಾರ್ಗದರ್ಶಿ

ನಿವೃತ್ತಿ ಸೌಲಭ್ಯಗಳನ್ನು ಬ್ಯಾಂಕು ತಡೆಹಿಡಿದಿದೆ ಎಂದು ಕರೆ ಮಾಡುವ ಹಳೆಯ ಸಹೋದ್ಯೋಗಿಗಳಿಗೆ ನಾನು ಮೊದಲು ಎರಡು ತಾರೀಖುಗಳನ್ನು ಕೇಳುತ್ತೇನೆ. ಚಾರ್ಜ್‌ಶೀಟ್, ಅಂದರೆ ಬ್ಯಾಂಕು ಕೊಟ್ಟ ಆರೋಪಪಟ್ಟಿ, ಹೊರಟ ತಾರೀಖು ಯಾವುದು, ನೀವು ನಿವೃತ್ತರಾದ ತಾರೀಖು ಯಾವುದು? ಆರೋಪವೇನು, ಸಾಲ ಯಾರದು, ಮೇಲಧಿಕಾರಿ ಏನೆಂದರು ಎಂಬುದನ್ನೆಲ್ಲ ಆಮೇಲೆ ಕೇಳುತ್ತೇನೆ. ಮನಸ್ಸಿನ ನೋವನ್ನು ಹೇಳಿಕೊಳ್ಳಲು ಬಂದವರಿಗೆ ಈ ಪ್ರಶ್ನೆ ಒರಟಾಗಿ ಕಾಣಬಹುದು. ಆದರೆ ನಿವೃತ್ತ ನೌಕರನ ಮೇಲೆ ಬ್ಯಾಂಕಿಗೆ ಎಷ್ಟು ಅಧಿಕಾರ ಉಳಿದಿದೆ ಎಂಬುದನ್ನು ಬಹುಮಟ್ಟಿಗೆ ತೀರ್ಮಾನಿಸುವುದು ಈ ಎರಡು ತಾರೀಖುಗಳೇ. ಇವನ್ನು ಸರಿಯಾಗಿ ಗುರುತಿಸದೆ ಬರೆದ ಮನವಿಗಳು ವರ್ಷಗಟ್ಟಲೆ ಎಚ್‌ಆರ್ ವಿಭಾಗದ ಕಡತಗಳಲ್ಲಿ ಮಲಗಿರುವುದನ್ನು ನಾನು ನೋಡಿದ್ದೇನೆ.

ಈ ಬರಹದಲ್ಲಿರುವುದು ಮುಖ್ಯವಾಗಿ ರಾಷ್ಟ್ರೀಕೃತ ಬ್ಯಾಂಕುಗಳಲ್ಲಿ 1995ರ ನೌಕರರ ಪಿಂಚಣಿ ನಿಯಮಾವಳಿಗೆ ಒಳಪಟ್ಟವರ ವಿಷಯ. ಪ್ರತಿ ಬ್ಯಾಂಕೂ ತನ್ನ ಹೆಸರಿನಲ್ಲಿ ಪ್ರತ್ಯೇಕ ನಿಯಮಾವಳಿ ಮಾಡಿಕೊಂಡಿದ್ದರೂ ಒಕ್ಕಣೆ ಹೆಚ್ಚುಕಡಿಮೆ ಒಂದೇ. ಭಾರತೀಯ ಸ್ಟೇಟ್ ಬ್ಯಾಂಕಿಗೆ ಬೇರೆ ಪಿಂಚಣಿ ನಿಯಮಗಳಿವೆ, ಗ್ರಾಮೀಣ ಬ್ಯಾಂಕುಗಳಿಗೆ 2018ರ ಪ್ರತ್ಯೇಕ ನಿಯಮಾವಳಿ ಇದೆ. 2010ರ ಏಪ್ರಿಲ್ 1ರಂದು ಅಥವಾ ಆಮೇಲೆ ಸೇವೆಗೆ ಸೇರಿದವರು ರಾಷ್ಟ್ರೀಯ ಪಿಂಚಣಿ ವ್ಯವಸ್ಥೆಗೆ, ಅಂದರೆ ಎನ್‌ಪಿಎಸ್‌ಗೆ ಬರುವುದರಿಂದ ಅವರಿಗೆ ಇಲ್ಲಿನ ಪಿಂಚಣಿಯ ಮಾತು ಅನ್ವಯಿಸುವುದಿಲ್ಲ. ಗ್ರಾಚ್ಯುಟಿ ಮತ್ತು ವಿಚಾರಣೆಯ ಭಾಗಗಳು ಅವರಿಗೂ ಉಪಯೋಗವಾಗುತ್ತವೆ. ಸ್ಟೇಟ್ ಬ್ಯಾಂಕ್ ಆಫ್ ಮೈಸೂರು 2017ರಲ್ಲಿ, ವಿಜಯಾ ಬ್ಯಾಂಕು 2019ರಲ್ಲಿ, ಸಿಂಡಿಕೇಟ್ ಮತ್ತು ಕಾರ್ಪೊರೇಷನ್ ಬ್ಯಾಂಕುಗಳು 2020ರಲ್ಲಿ ವಿಲೀನವಾದ ಮೇಲೆ ಕರ್ನಾಟಕದ ಸಾವಿರಾರು ಪಿಂಚಣಿದಾರರ ಕಡತಗಳು ಬೇರೆ ಬ್ಯಾಂಕುಗಳ ಕೈಸೇರಿವೆ. ಅಂಥವರು ಪತ್ರ ಬರೆಯುವಾಗ ಹಳೆಯ ಬ್ಯಾಂಕಿನ ಸಿಬ್ಬಂದಿ ಸಂಖ್ಯೆಯನ್ನೂ ಹೊಸದನ್ನೂ ಒಟ್ಟಿಗೆ ನಮೂದಿಸಬೇಕು.

ಮೊದಲ ಹೆಜ್ಜೆ: ಕ್ರಮ ನಿಜವಾಗಿ ಎಂದು ಆರಂಭವಾಯಿತು ಎಂಬುದನ್ನು ಗುರುತಿಸಿ

ಮೇಲಧಿಕಾರಿ ವಿವರಣೆ ಕೇಳಿ ಬರೆದ ಪತ್ರ, ತನಿಖಾ ವರದಿ, ವಿಜಿಲೆನ್ಸ್ ವಿಭಾಗದವರು ಬಂದು ಪಡೆದ ಹೇಳಿಕೆ, ಕ್ರಮ ಏಕೆ ಕೈಗೊಳ್ಳಬಾರದು ಎಂದು ಕಾರಣ ಕೇಳುವ ಶೋಕಾಸ್ ನೋಟಿಸ್, ಇವುಗಳಲ್ಲಿ ಯಾವುದೂ ಶಿಸ್ತು ಕ್ರಮದ ಆರಂಭವಲ್ಲ. ಆರೋಪಪಟ್ಟಿ ನೀಡಿದಾಗ ಮಾತ್ರ ಶಿಸ್ತು ಕ್ರಮ ಆರಂಭವಾಗುತ್ತದೆ ಎಂದು ಸುಪ್ರೀಂ ಕೋರ್ಟು 1991ರ ಜಾನಕಿರಾಮನ್ ಪ್ರಕರಣದಲ್ಲಿ ಬಡ್ತಿಯ ಸಂದರ್ಭದಲ್ಲಿ ಹೇಳಿತು. ಬ್ಯಾಂಕ್ ನೌಕರರಿಗೆ ಇನ್ನೂ ಹತ್ತಿರವಾದದ್ದು 2007ರ ಯೂಕೋ ಬ್ಯಾಂಕ್ ಪ್ರಕರಣ. ಅದರಲ್ಲಿ ಅಧಿಕಾರಿ ನಿವೃತ್ತರಾದದ್ದು 1996ರ ನವೆಂಬರಿನಲ್ಲಿ, ಆರೋಪಪಟ್ಟಿ ಬಂದದ್ದು 1998ರ ನವೆಂಬರಿನಲ್ಲಿ. ನಿವೃತ್ತಿಗೆ ಮೊದಲು ನೋಟಿಸ್ ಕೊಟ್ಟಿದ್ದೇವೆ, ಆದ್ದರಿಂದ ಕ್ರಮ ಆಗಲೇ ಆರಂಭವಾಗಿತ್ತು ಎಂಬ ಬ್ಯಾಂಕಿನ ವಾದವನ್ನು ನ್ಯಾಯಾಲಯ ಒಪ್ಪಲಿಲ್ಲ.

ಇಲ್ಲಿ ಒಂದು ಸೂಕ್ಷ್ಮವಿದೆ. ಅಧಿಕಾರಿಗಳ ಸೇವಾ ನಿಯಮಾವಳಿ, 1979ರ 20ನೆಯ ನಿಯಮದ ಮೂರನೆಯ ಉಪನಿಯಮದಲ್ಲಿ ಎರಡು ಮಾತುಗಳು ಅಕ್ಕಪಕ್ಕದಲ್ಲಿವೆ. ಅಮಾನತಿನಲ್ಲಿದ್ದರೆ ಅಥವಾ ಶೋಕಾಸ್ ನೋಟಿಸ್ ನೀಡಿದ್ದರೆ ಕ್ರಮ ‘ಬಾಕಿ ಇದೆ’ ಎಂದು ಭಾವಿಸತಕ್ಕದ್ದು ಎಂದು ಒಂದು ಭಾಗ ಹೇಳುತ್ತದೆ. ಕ್ರಮ ‘ಆರಂಭವಾಗಿದ್ದರೆ’ ನಿವೃತ್ತಿಯ ನಂತರವೂ ಅದು ಮುಂದುವರಿಯುತ್ತದೆ ಎಂದು ಮುಂದಿನ ಭಾಗ ಹೇಳುತ್ತದೆ. ಬಾಕಿ ಇರುವುದು ಬೇರೆ, ಆರಂಭವಾಗಿರುವುದು ಬೇರೆ. ಮೊದಲನೆಯದು ರಾಜೀನಾಮೆ ಕೊಟ್ಟು ಹೊರನಡೆಯುವವರನ್ನು ತಡೆಯಲು ಇರುವ ಮಾತು, ಎರಡನೆಯದು ವಯೋನಿವೃತ್ತಿಗೆ ಸಂಬಂಧಿಸಿದ್ದು. ಶಾಖಾ ಮಟ್ಟದ ಎಚ್‌ಆರ್ ಸಿಬ್ಬಂದಿ ಇವೆರಡನ್ನೂ ಬೆರೆಸಿ ‘ನಿಮ್ಮ ಮೇಲೆ ನೋಟಿಸ್ ಇದೆ, ಆದ್ದರಿಂದ ಏನನ್ನೂ ಬಿಡುಗಡೆ ಮಾಡಲಾಗದು’ ಎಂದು ಉತ್ತರಿಸುವುದು ಸಾಮಾನ್ಯ. ಯೂಕೋ ಬ್ಯಾಂಕ್ ತೀರ್ಪು ಈ ಗೊಂದಲವನ್ನೇ ಬಿಡಿಸಿದೆ ಎಂಬುದನ್ನು ನಿಮ್ಮ ಪತ್ರದಲ್ಲಿ ಬರೆಯಿರಿ.

2024ರ ನವೆಂಬರಿನಲ್ಲಿ ಭಾರತೀಯ ಸ್ಟೇಟ್ ಬ್ಯಾಂಕಿನ ಮೇಲ್ಮನವಿಯೊಂದನ್ನು ವಜಾ ಮಾಡುವಾಗ ಸುಪ್ರೀಂ ಕೋರ್ಟು ಇದೇ ದಾರಿಯಲ್ಲಿ ನಡೆದಿದೆ. ಅಲ್ಲಿ ಅಧಿಕಾರಿಯ ವಿಸ್ತರಿತ ಸೇವೆ 2010ರ ಅಕ್ಟೋಬರ್ 1ಕ್ಕೆ ಮುಗಿದಿತ್ತು, ಆರೋಪಪಟ್ಟಿ 2011ರ ಮಾರ್ಚಿನಲ್ಲಿ ಬಂದಿತ್ತು. ಸೇವೆ ಮುಗಿದ ಮೇಲೆ ಆರಂಭಿಸಿದ ಕ್ರಮಕ್ಕೆ ನೆಲೆಯೇ ಇಲ್ಲವಾಯಿತು.

ಆರೋಪಪಟ್ಟಿಯ ತಾರೀಖು ನಿವೃತ್ತಿಗೆ ಎರಡು ದಿನ ಮೊದಲಿನದಾಗಿದ್ದು, ಅಂಚೆ ನಿಮ್ಮ ಮನೆಗೆ ಬಂದದ್ದು ನಿವೃತ್ತಿಯ ನಂತರವಾದರೆ? ಆರೋಪಪಟ್ಟಿ ಸಿದ್ಧವಾಗಿ ಕಚೇರಿಯಿಂದ ಹೊರಟರೆ ಸಾಕು, ಕೈಗೆ ತಲುಪಲೇಬೇಕೆಂದಿಲ್ಲ ಎಂಬುದು ದೆಹಲಿ ಅಭಿವೃದ್ಧಿ ಪ್ರಾಧಿಕಾರದ 1993ರ ಪ್ರಕರಣದ ತೀರ್ಪು. ಹಾಗಾಗಿ ಪತ್ರದ ಮೇಲೆ ಟೈಪ್ ಮಾಡಿದ ತಾರೀಖಿಗಿಂತ ಅದು ಕಚೇರಿ ಬಿಟ್ಟ ತಾರೀಖು ಮುಖ್ಯ. ಲಕೋಟೆಯನ್ನು ಎಸೆಯಬೇಡಿ. ಅದರ ಮೇಲಿನ ಅಂಚೆ ಮುದ್ರೆ, ಬಾರ್‌ಕೋಡಿನ ಸಂಖ್ಯೆ, ಆನ್‌ಲೈನಿನಲ್ಲಿ ಕಾಣುವ ಬುಕಿಂಗ್ ಸಮಯ, ಇವುಗಳ ಪ್ರತಿಯನ್ನು ಅದೇ ವಾರ ತೆಗೆದಿಟ್ಟುಕೊಳ್ಳಿ. ಅಂಚೆ ಇಲಾಖೆಯ ತಾಣದಲ್ಲಿ ಆ ವಿವರ ಬಹುಕಾಲ ಉಳಿಯುವುದಿಲ್ಲ.

ಎರಡನೆಯ ಹೆಜ್ಜೆ: ಬ್ಯಾಂಕು ಯಾವ ನಿಯಮದ ಬಲದಿಂದ ನಡೆಯುತ್ತಿದೆ ಎಂದು ನೋಡಿ

ಆರೋಪಪಟ್ಟಿ ನಿವೃತ್ತಿಗೆ ಮೊದಲೇ ಹೊರಟಿದ್ದು ನೀವು ಅಧಿಕಾರಿಯಾಗಿದ್ದರೆ, 20ನೆಯ ನಿಯಮದ ಪ್ರಕಾರ ನೀವು ವಯೋನಿವೃತ್ತಿಯ ದಿನ ಸೇವೆಯಿಂದ ಹೊರಬರುತ್ತೀರಿ, ಸಂಬಳ ನಿಲ್ಲುತ್ತದೆ, ಆದರೆ ವಿಚಾರಣೆ ಮಾತ್ರ ನೀವು ಇನ್ನೂ ಸೇವೆಯಲ್ಲಿದ್ದೀರಿ ಎಂಬಂತೆ ಅಂತಿಮ ಆದೇಶದವರೆಗೂ ನಡೆಯುತ್ತದೆ. ಈ ಕಾನೂನಿನ ಕಲ್ಪನೆಯ ಬಲದಿಂದ ನಿವೃತ್ತರಾದವರನ್ನೂ ವಜಾ ಮಾಡಬಹುದು ಎಂಬುದು ನೋವಿನ ಸಂಗತಿಯಾದರೂ ನಿಜ. ಸ್ಟೇಟ್ ಬ್ಯಾಂಕಿನ ಇಂಥದೇ ನಿಯಮದಡಿ ನಿವೃತ್ತಿಯ ನಂತರ ಮಾಡಿದ ವಜಾ ಆದೇಶವನ್ನು ಸುಪ್ರೀಂ ಕೋರ್ಟು 2011ರಲ್ಲಿ ಎತ್ತಿಹಿಡಿದಿದೆ. ಮಹಾನದಿ ಕೋಲ್‌ಫೀಲ್ಡ್ಸ್ ಪ್ರಕರಣದಲ್ಲಿ 2020ರ ಮೇ 27ರಂದು ಮೂವರು ನ್ಯಾಯಮೂರ್ತಿಗಳ ಪೀಠ ಬಹುಮತದಿಂದ ಅದನ್ನೇ ಗಟ್ಟಿಗೊಳಿಸಿದೆ. ‘ನಿವೃತ್ತನಾದ ಮೇಲೆ ಬ್ಯಾಂಕು ಏನೂ ಮಾಡಲಾರದು’ ಎಂಬ ಧೈರ್ಯದಿಂದ ವಿಚಾರಣೆಗೆ ಹಾಜರಾಗದೆ ಕುಳಿತವರು ಇದನ್ನು ತಪ್ಪದೆ ಓದಬೇಕು.

ಗುಮಾಸ್ತರು ಮತ್ತು ಅಧೀನ ಸಿಬ್ಬಂದಿಗೆ 1979ರ ನಿಯಮಾವಳಿ ಅನ್ವಯಿಸುವುದಿಲ್ಲ. ಅವರ ಶಿಸ್ತು ಕ್ರಮ ನಡೆಯುವುದು ಬ್ಯಾಂಕುಗಳು ಮತ್ತು ನೌಕರ ಸಂಘಗಳ ನಡುವಿನ 2002ರ ಏಪ್ರಿಲ್ 10ರ ದ್ವಿಪಕ್ಷೀಯ ಒಪ್ಪಂದದ ಪ್ರಕಾರ. ಅವರ ವಿಷಯದಲ್ಲಿ ನಿವೃತ್ತಿಯ ನಂತರ ಕ್ರಮ ಮುಂದುವರಿಯುವುದು ಪಿಂಚಣಿ ನಿಯಮಾವಳಿಯ 48ನೆಯ ನಿಯಮದ ಆಧಾರದ ಮೇಲೆ. ಅಧಿಕಾರಿಗಳಿಗೆ ಕೊಡುವ ನಮೂನೆಯ ಪತ್ರವನ್ನೇ ಇವರಿಗೂ ಕಳುಹಿಸಿದ್ದರೆ ಆ ತಪ್ಪನ್ನು ಮೊದಲ ಉತ್ತರದಲ್ಲೇ ಎತ್ತಿ ತೋರಿಸಬೇಕು.

ಆರೋಪಪಟ್ಟಿ ನಿವೃತ್ತಿಯ ನಂತರ ಹೊರಟಿದ್ದರೆ ಬ್ಯಾಂಕಿಗೆ ಉಳಿಯುವುದು ಪಿಂಚಣಿ ನಿಯಮಾವಳಿ ಒಂದೇ. ಅದರ 48ನೆಯ ನಿಯಮದಲ್ಲಿ ಗಟ್ಟಿಯಾದ ಬೇಲಿಗಳಿವೆ. ಕ್ರಮ ಆರಂಭಿಸುವ ದಿನಕ್ಕಿಂತ ನಾಲ್ಕು ವರ್ಷಕ್ಕೂ ಹಿಂದೆ ನಡೆದ ಘಟನೆಯ ಬಗ್ಗೆ ಕ್ರಮ ಆರಂಭಿಸುವಂತಿಲ್ಲ. ಗಂಭೀರ ದುರ್ನಡತೆ, ನಿರ್ಲಕ್ಷ್ಯ, ನಂಬಿಕೆದ್ರೋಹ, ನಕಲು ದಾಖಲೆ ಸೃಷ್ಟಿ ಅಥವಾ ವಂಚನೆ ಸೇವಾವಧಿಯಲ್ಲೇ ನಡೆದಿರಬೇಕು, ಅದು ವಿಚಾರಣೆಯಲ್ಲಿ ಸಾಬೀತಾಗಬೇಕು. ಅಂತಿಮ ಆದೇಶಕ್ಕೆ ಮುನ್ನ ನಿರ್ದೇಶಕ ಮಂಡಳಿಯೊಂದಿಗೆ ಸಮಾಲೋಚಿಸಬೇಕು. ಫಲವೂ ಪಿಂಚಣಿಯನ್ನು ತಡೆಹಿಡಿಯುವುದು ಅಥವಾ ಬ್ಯಾಂಕಿಗಾದ ಹಣದ ನಷ್ಟವನ್ನು ಪಿಂಚಣಿಯಿಂದ ವಸೂಲು ಮಾಡುವುದಷ್ಟೇ.

ಸಾಲದ ಪ್ರಕರಣಗಳಲ್ಲಿ ನಾಲ್ಕು ವರ್ಷದ ಲೆಕ್ಕವನ್ನು ನೀವೇ ಕುಳಿತು ಮಾಡಿ. ಉದಾಹರಣೆಗೆ, 2017ರ ಜೂನಿನಲ್ಲಿ ನೀವು ಮಂಜೂರು ಮಾಡಿದ ಸಾಲ 2020ರಲ್ಲಿ ಎನ್‌ಪಿಎ, ಅಂದರೆ ಕಂತು ಬಾರದೆ ನಿಂತ ಸಾಲ, ಆಯಿತು, ನೀವು 2021ರಲ್ಲಿ ನಿವೃತ್ತರಾದಿರಿ, ಆರೋಪಪಟ್ಟಿ 2022ರಲ್ಲಿ ಬಂತು ಎಂದಿಟ್ಟುಕೊಳ್ಳಿ. ಬ್ಯಾಂಕು ಎನ್‌ಪಿಎ ಆದ ದಿನದಿಂದ ಎಣಿಸಲು ನೋಡುತ್ತದೆ. ಆದರೆ ನಿಯಮದಲ್ಲಿರುವ ಪದ ‘ಘಟನೆ’. ನಿಮ್ಮ ಮೇಲಿನ ಆರೋಪ ಮಂಜೂರಾತಿಯಲ್ಲಿನ ಲೋಪವಾಗಿದ್ದರೆ ಘಟನೆ ನಡೆದದ್ದು 2017ರಲ್ಲಿ. ಸಾಲಗಾರ ಮೂರು ವರ್ಷಗಳ ನಂತರ ಕಂತು ಕಟ್ಟದೆ ಹೋದದ್ದು ಪರಿಣಾಮ, ಅದು ನೀವು ಎಸಗಿದ ಕೃತ್ಯವಲ್ಲ. ಆರೋಪಪಟ್ಟಿಯ ಪ್ರತಿ ಆರೋಪದ ಮುಂದೆಯೂ ಅದು ಯಾವ ದಿನದ ಯಾವ ಕೃತ್ಯಕ್ಕೆ ಸಂಬಂಧಿಸಿದ್ದು ಎಂದು ಪೆನ್ಸಿಲಿನಲ್ಲಿ ಬರೆದುಕೊಂಡರೆ, ಎಷ್ಟೋ ಸಲ ಅರ್ಧ ಆರೋಪಗಳು ಅಲ್ಲೇ ಕಾಲಬಾಧಿತವಾಗಿರುವುದು, ಅಂದರೆ ಅವಧಿ ಮೀರಿರುವುದು ಕಾಣುತ್ತದೆ.

ಮೂರನೆಯ ಹೆಜ್ಜೆ: ಪ್ರತಿಯೊಂದು ಸೌಲಭ್ಯವನ್ನೂ ಬಿಡಿಸಿ ನೋಡಿ

‘ನಿವೃತ್ತಿ ಸೌಲಭ್ಯಗಳು’ ಎಂದು ಎಲ್ಲವನ್ನೂ ಒಂದೇ ಗಂಟಿನಲ್ಲಿ ಕಟ್ಟುವುದರಿಂದ ಲಾಭವಾಗುವುದು ತಡೆಹಿಡಿಯುವವರಿಗೆ. ಪಿಎಫ್‌ಗೆ ಒಂದು ಕಾನೂನು, ಗ್ರಾಚ್ಯುಟಿಗೆ ಇನ್ನೊಂದು, ಪಿಂಚಣಿಗೆ ಮತ್ತೊಂದು.

ಪಿಎಫ್‌ನಲ್ಲಿರುವ ನಿಮ್ಮ ಸ್ವಂತ ವಂತಿಗೆ ಮತ್ತು ಅದರ ಬಡ್ಡಿ ನಿಮ್ಮದು. ಸೇವಾ ನಿಯಮಾವಳಿಯ 20ನೆಯ ನಿಯಮವೇ ಅದನ್ನು ತಡೆಯಿಂದ ಹೊರಗಿಟ್ಟಿದೆ. ವಿಚಾರಣೆಯ ನೆಪದಲ್ಲಿ ಅದನ್ನು ತಡೆದಿದ್ದರೆ ಒಂದು ದಿನವೂ ಕಾಯದೆ ಬರೆಯಿರಿ.

ಪಿಂಚಣಿಯ ವಿಷಯದಲ್ಲಿ ಎಲ್ಲಕ್ಕಿಂತ ಮುಖ್ಯವಾದದ್ದು, ಆದರೆ ಎಲ್ಲಕ್ಕಿಂತ ಕಡಿಮೆ ಜನರಿಗೆ ತಿಳಿದಿರುವುದು, ಪಿಂಚಣಿ ನಿಯಮಾವಳಿಯ 46ನೆಯ ನಿಯಮ. ಶಿಸ್ತು ಕ್ರಮವೋ ನ್ಯಾಯಾಲಯದ ಪ್ರಕರಣವೋ ಬಾಕಿ ಇರುವಾಗ ನಿವೃತ್ತರಾದವರಿಗೆ ತಾತ್ಕಾಲಿಕ ಪಿಂಚಣಿ ಕೊಡಬೇಕು, ಅದು ಅವರಿಗೆ ಸಲ್ಲಬಹುದಾಗಿದ್ದ ಗರಿಷ್ಠ ಪಿಂಚಣಿಗೆ ಸಮನಾಗಿರಬೇಕು ಎಂದು ಈ ನಿಯಮ ಹೇಳುತ್ತದೆ. ಅರ್ಧ ಕೊಡುತ್ತೇವೆ, ವಿಚಾರಣೆ ಮುಗಿದ ಮೇಲೆ ನೋಡೋಣ ಎಂಬ ಮಾತಿಗೆ ಇಲ್ಲಿ ಜಾಗವಿಲ್ಲ. ಅಷ್ಟೇ ಅಲ್ಲ, ಕೊನೆಗೆ ಮಂಜೂರಾದ ಪಿಂಚಣಿ ತಾತ್ಕಾಲಿಕ ಪಿಂಚಣಿಗಿಂತ ಕಡಿಮೆಯಾದರೂ, ಪಿಂಚಣಿಯನ್ನು ಕಡಿತಗೊಳಿಸಿದರೂ, ಆಗಲೇ ಕೊಟ್ಟದ್ದನ್ನು ವಸೂಲು ಮಾಡುವಂತಿಲ್ಲ ಎಂದೂ ಅದೇ ನಿಯಮದಲ್ಲಿದೆ. ಗಂಡನ ವಿಚಾರಣೆ ಮುಗಿಯುವವರೆಗೆ ಮಕ್ಕಳ ಮುಂದೆ ಕೈಚಾಚಿದ ಮನೆಗಳನ್ನು ನಾನು ಕಂಡಿದ್ದೇನೆ. ಆ ಮನೆಗಳಿಗೆ ಬೇಕಾಗಿದ್ದದ್ದು ಈ ನಿಯಮವನ್ನು ಉಲ್ಲೇಖಿಸಿದ ಒಂದು ಪುಟದ ಅರ್ಜಿ ಮಾತ್ರ. ತಾತ್ಕಾಲಿಕ ಪಿಂಚಣಿ ಬರುತ್ತಿರುವವರೂ ಪ್ರತಿ ನವೆಂಬರಿನಲ್ಲಿ ಜೀವನ ಪ್ರಮಾಣಪತ್ರ ಸಲ್ಲಿಸುವುದನ್ನು ಮರೆಯಬಾರದು.

ಪಿಂಚಣಿಯ ಪರಿವರ್ತನೆ, ಅಂದರೆ ಪಿಂಚಣಿಯ ಒಂದು ಭಾಗವನ್ನು ಮುಂಗಡವಾಗಿ ಒಟ್ಟು ಮೊತ್ತದಲ್ಲಿ ಪಡೆಯುವ ಕಮ್ಯುಟೇಷನ್, ಕ್ರಮ ಬಾಕಿ ಇರುವವರೆಗೆ ಸಿಗುವುದಿಲ್ಲ. 47ನೆಯ ನಿಯಮ ಅದನ್ನು ಸ್ಪಷ್ಟವಾಗಿ ತಡೆಯುತ್ತದೆ. ಇದಕ್ಕಾಗಿ ಜಗಳಕ್ಕಿಳಿದು ಶಕ್ತಿ ಕಳೆದುಕೊಳ್ಳಬೇಡಿ. ಆರೋಪಮುಕ್ತರಾದ ಕೂಡಲೇ ಅರ್ಜಿ ಸಲ್ಲಿಸಿ.

ಗ್ರಾಚ್ಯುಟಿಯ ಮಾತು ಸ್ವಲ್ಪ ಉದ್ದವಾಗುತ್ತದೆ. ಪಿಂಚಣಿ ನಿಯಮಾವಳಿಯ 46ನೆಯ ನಿಯಮದ ಎರಡನೆಯ ಭಾಗ, ಕ್ರಮ ಮುಗಿಯುವವರೆಗೆ ಗ್ರಾಚ್ಯುಟಿ ಕೊಡಬಾರದು ಎನ್ನುತ್ತದೆ. ಹಾಗೆ ತಡೆಹಿಡಿಯಬಹುದೇ ಎಂಬ ಪ್ರಶ್ನೆಗೆ, ನಿಯಮಗಳಲ್ಲಿ ಅವಕಾಶವಿದ್ದರೆ ತಡೆಯಬಹುದು ಎಂದು ಮಹಾನದಿ ತೀರ್ಪು ಉತ್ತರಿಸಿದೆ. ಆದರೆ ತಡೆಹಿಡಿಯುವುದು ಬೇರೆ, ಮುಟ್ಟುಗೋಲು ಬೇರೆ. 1972ರ ಗ್ರಾಚ್ಯುಟಿ ಪಾವತಿ ಕಾಯ್ದೆಯ 4ನೆಯ ಕಲಮಿನ 6ನೆಯ ಉಪಕಲಮಿನ ಪ್ರಕಾರ, ನೌಕರನ ಕೃತ್ಯ, ಉದ್ದೇಶಪೂರ್ವಕ ಲೋಪ ಅಥವಾ ನಿರ್ಲಕ್ಷ್ಯದಿಂದ ನಷ್ಟವಾಗಿ ಅದಕ್ಕಾಗಿಯೇ ಸೇವೆಯಿಂದ ತೆಗೆದಿದ್ದರೆ, ಆದ ನಷ್ಟದ ಮಟ್ಟಿಗೆ ಮಾತ್ರ ಗ್ರಾಚ್ಯುಟಿಯನ್ನು ಮುಟ್ಟುಗೋಲು ಹಾಕಬಹುದು. ಗಲಭೆ, ಹಿಂಸಾಚಾರ ಅಥವಾ ಕೆಲಸದ ಅವಧಿಯಲ್ಲಿ ಎಸಗಿದ ನೈತಿಕ ಅಧಃಪತನದ ಅಪರಾಧಕ್ಕಾಗಿ ತೆಗೆದಿದ್ದರೆ ಪೂರ್ತಿಯಾಗಿ ಇಲ್ಲವೇ ಭಾಗಶಃ ಹಾಕಬಹುದು. ಇದರಿಂದ ಎರಡು ಸಂಗತಿಗಳು ಹೊರಡುತ್ತವೆ. ಅಂತಿಮ ಆದೇಶದಲ್ಲಿ ಛೀಮಾರಿಯೋ ವೇತನ ಶ್ರೇಣಿಯಲ್ಲಿ ಕಡಿತವೋ ಆಗಿ ಸೇವೆಯಿಂದ ತೆಗೆಯದೆ ಇದ್ದರೆ ಈ ಕಲಮಿನಡಿ ಮುಟ್ಟುಗೋಲಿನ ಪ್ರಶ್ನೆಯೇ ಏಳುವುದಿಲ್ಲ. ತೆಗೆದಿದ್ದರೂ, ನಷ್ಟ ಎಷ್ಟು ಎಂದು ಲೆಕ್ಕ ಹಾಕದೆ, ನಿಮ್ಮ ಅಹವಾಲನ್ನು ಕೇಳದೆ ಪೂರ್ತಿ ಹಣವನ್ನು ನುಂಗುವಂತಿಲ್ಲ.

ನೈತಿಕ ಅಧಃಪತನಕ್ಕೆ ಕ್ರಿಮಿನಲ್ ನ್ಯಾಯಾಲಯದ ಶಿಕ್ಷೆ ಬೇಕೇ ಎಂಬ ಬಗ್ಗೆ ಹಳೆಯ ಬರಹಗಳನ್ನು ಓದಿ ಮೋಸಹೋಗಬೇಡಿ. ಯೂನಿಯನ್ ಬ್ಯಾಂಕಿನ 2018ರ ಪ್ರಕರಣವನ್ನು ಆಧರಿಸಿ ಶಿಕ್ಷೆ ಬೇಕೇ ಬೇಕು ಎಂದು ಹಲವು ವರ್ಷ ವಾದಿಸಲಾಗುತ್ತಿತ್ತು. ಆದರೆ 2025ರ ಫೆಬ್ರವರಿಯಲ್ಲಿ ವೆಸ್ಟರ್ನ್ ಕೋಲ್‌ಫೀಲ್ಡ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಕ್ರಿಮಿನಲ್ ಶಿಕ್ಷೆಯಾಗಿರಲೇಬೇಕಿಲ್ಲ, ಶಿಸ್ತು ಪ್ರಾಧಿಕಾರಿಯ ತೀರ್ಮಾನವೇ ಸಾಕು ಎಂದಿದೆ. ಇನ್ನೊಂದು ಬದಲಾವಣೆಯನ್ನೂ ಗಮನಿಸಿ: 2025ರ ನವೆಂಬರ್ 21ರಿಂದ ಸಾಮಾಜಿಕ ಭದ್ರತಾ ಸಂಹಿತೆ, 2020 ಜಾರಿಗೆ ಬಂದು ಗ್ರಾಚ್ಯುಟಿಯ ವಿಷಯ ಅದರ 5ನೆಯ ಅಧ್ಯಾಯಕ್ಕೆ ಸೇರಿದೆ. ಅದಕ್ಕೆ ಮೊದಲೇ ನಿವೃತ್ತರಾದವರು ತಮ್ಮ ಹಕ್ಕು ಹುಟ್ಟಿದ ದಿನದ ಕಾನೂನನ್ನೇ, ಅಂದರೆ 1972ರ ಕಾಯ್ದೆಯನ್ನೇ ಉಲ್ಲೇಖಿಸುವುದು ಸರಿ.

ನಾಲ್ಕನೆಯ ಹೆಜ್ಜೆ: ಬಾಯಿಮಾತು ಬಿಟ್ಟು ಪತ್ರ ಬರೆಯಿರಿ

ನಿವೃತ್ತರಾದ ಮೇಲೆ ಸರ್ಕಲ್ ಆಫೀಸಿಗೆ ಹೋಗಿ ಪರಿಚಯದವರ ಮೇಜಿನ ಮುಂದೆ ಕುಳಿತು ವಿಚಾರಿಸುವ ಅಭ್ಯಾಸ ನಮ್ಮಲ್ಲಿ ಬಹಳ. ಅದರಿಂದ ಕಾಫಿ ಸಿಗುತ್ತದೆ, ದಾಖಲೆ ಸಿಗುವುದಿಲ್ಲ. ಎರಡು ಪತ್ರಗಳನ್ನು ಬೇರೆ ಬೇರೆಯಾಗಿ ಬರೆಯಿರಿ. ಒಂದರಲ್ಲಿ ತಾತ್ಕಾಲಿಕ ಪಿಂಚಣಿ, ಅದರ ಮೇಲಿನ ತುಟ್ಟಿ ಪರಿಹಾರ ಮತ್ತು ಸ್ವಂತ ಪಿಎಫ್ ಹಣ ಬಿಡುಗಡೆ ಮಾಡಬೇಕೆಂದು ಕೇಳಿ. ಇನ್ನೊಂದರಲ್ಲಿ ಗ್ರಾಚ್ಯುಟಿ, ರಜೆ ನಗದೀಕರಣ ಮತ್ತಿತರ ಬಾಕಿಗಳನ್ನು ಹೆಸರು ಹೆಸರಾಗಿ ಬರೆದು, ಪ್ರತಿಯೊಂದನ್ನೂ ಯಾವ ನಿಯಮದ ಯಾವ ಭಾಗದಡಿ ತಡೆಹಿಡಿದಿದ್ದೀರಿ ಎಂದು ಲಿಖಿತವಾಗಿ ತಿಳಿಸಲು ಕೇಳಿ. ಒಂದು ಸಾಲನ್ನು ಖಂಡಿತ ಸೇರಿಸಿ: ‘ಪಿಂಚಣಿ ಮತ್ತು ಗ್ರಾಚ್ಯುಟಿ ನೌಕರನ ಆಸ್ತಿಯಾಗಿದ್ದು, ಸಂವಿಧಾನದ 300ಎ ವಿಧಿಯ ಪ್ರಕಾರ ಕಾನೂನಿನ ಆಧಾರವಿಲ್ಲದೆ ಅವನ್ನು ತಡೆಹಿಡಿಯುವಂತಿಲ್ಲ ಎಂದು ಸುಪ್ರೀಂ ಕೋರ್ಟು ಜಾರ್ಖಂಡ್ ರಾಜ್ಯದ 2013ರ ಪ್ರಕರಣದಲ್ಲಿ ತೀರ್ಪು ನೀಡಿರುತ್ತದೆ.’ ಆರೋಪದ ಸತ್ಯಾಸತ್ಯತೆಯ ಬಗ್ಗೆ ಈ ಪತ್ರಗಳಲ್ಲಿ ಒಂದಕ್ಷರವನ್ನೂ ಬರೆಯಬೇಡಿ; ಅಲ್ಲಿ ಬರೆದ ಮಾತು ನಾಳೆ ವಿಚಾರಣೆಯಲ್ಲಿ ನಿಮ್ಮ ಒಪ್ಪಿಗೆಯಾಗಿ ಬರಬಹುದು.

ಉತ್ತರ ಬಾರದಿದ್ದರೆ ಮಾಹಿತಿ ಹಕ್ಕು ಕಾಯ್ದೆಯಡಿ ಅರ್ಜಿ ಹಾಕಿ, ನಿಮ್ಮ ಸೌಲಭ್ಯಗಳನ್ನು ತಡೆಹಿಡಿಯಲು ಆದೇಶಿಸಿದ ಟಿಪ್ಪಣಿಯ ಪ್ರತಿಯನ್ನು ಕೇಳಿ. 30 ದಿನಗಳಲ್ಲಿ ಉತ್ತರ ಬರಬೇಕು.

ಐದನೆಯ ಹೆಜ್ಜೆ: ವಿಚಾರಣೆಯನ್ನು ಸೇವೆಯಲ್ಲಿದ್ದಷ್ಟೇ ಗಂಭೀರವಾಗಿ ನಡೆಸಿ

ನಿವೃತ್ತರಿಗೆ ದೊಡ್ಡ ತೊಡಕು ದಾಖಲೆಗಳದು. ಕಂಪ್ಯೂಟರಿನ ಪ್ರವೇಶ ಹೋಗಿರುತ್ತದೆ, ಶಾಖೆಯಲ್ಲಿ ಪರಿಚಯದವರು ವರ್ಗವಾಗಿರುತ್ತಾರೆ, ವಿಲೀನವಾದ ಬ್ಯಾಂಕಿನ ಕಡತ ಯಾವ ಗೋದಾಮಿನಲ್ಲಿದೆ ಎಂದು ಯಾರಿಗೂ ಗೊತ್ತಿರುವುದಿಲ್ಲ. ನಿವೃತ್ತಿ ಹತ್ತಿರವಿರುವ ಅಧಿಕಾರಿಗಳಿಗೆ ನಾನು ಹೇಳುವುದಿಷ್ಟು: ನಿಮ್ಮ ಅವಧಿಯ ವಿವಾದಾಸ್ಪದ ಖಾತೆಗಳಿಗೆ ಸಂಬಂಧಿಸಿದ ಸುತ್ತೋಲೆಗಳ ಸಂಖ್ಯೆ, ಮಂಜೂರಾತಿಯ ತಾರೀಖು, ತಪಾಸಣಾ ವರದಿಗಳ ತಾರೀಖು, ಮೇಲಧಿಕಾರಿಗಳ ಅನುಮತಿ ಪತ್ರಗಳ ಉಲ್ಲೇಖ ಸಂಖ್ಯೆ, ಇವನ್ನು ಒಂದು ನೋಟ್‌ಬುಕ್ಕಿನಲ್ಲಿ ಬರೆದಿಟ್ಟುಕೊಳ್ಳಿ. ಗ್ರಾಹಕರ ದಾಖಲೆಗಳನ್ನೇ ಮನೆಗೆ ಒಯ್ಯಬೇಡಿ, ಗೋಪ್ಯತೆಯ ಭಂಗ ಎಂಬ ಹೊಸ ಆರೋಪ ಅದರಿಂದಲೇ ಹುಟ್ಟುತ್ತದೆ. ಉಲ್ಲೇಖ ಸಂಖ್ಯೆ ಕೈಯಲ್ಲಿದ್ದರೆ ವಿಚಾರಣೆಯಲ್ಲಿ ಆ ಕಾಗದವನ್ನು ಹೆಸರಿಸಿ ಕೇಳಬಹುದು, ಕೊಡದಿದ್ದರೆ ಆ ನಿರಾಕರಣೆಯೇ ನಿಮ್ಮ ಮುಂದಿನ ವಾದವಾಗುತ್ತದೆ.

ಆರೋಪಪಟ್ಟಿಗೆ ಸಾಮಾನ್ಯವಾಗಿ 15 ದಿನಗಳಲ್ಲಿ ಉತ್ತರ ಕೊಡಬೇಕಾಗುತ್ತದೆ. ದಾಖಲೆ ನೋಡಲು ಸಮಯ ಬೇಕಿದ್ದರೆ ಅವಧಿ ಮುಗಿಯುವ ಮುನ್ನವೇ ಬರೆದು ಕೇಳಿ. ಕ್ರಮ ನಿವೃತ್ತಿಯ ನಂತರ ಆರಂಭವಾಯಿತು, ನಾಲ್ಕು ವರ್ಷ ಮೀರಿದೆ ಎಂಬ ಆಕ್ಷೇಪಗಳನ್ನು ಈ ಮೊದಲ ಉತ್ತರದಲ್ಲೇ ಎತ್ತಬೇಕು. ಅಲ್ಲಿ ಮೌನವಾಗಿದ್ದು ಹೈಕೋರ್ಟಿನಲ್ಲಿ ಎತ್ತಿದರೆ, ಇಷ್ಟು ದಿನ ಏಕೆ ಸುಮ್ಮನಿದ್ದಿರಿ ಎಂಬ ಪ್ರಶ್ನೆಗೆ ಉತ್ತರಿಸಬೇಕಾಗುತ್ತದೆ.

ವಿಚಾರಣೆಯಲ್ಲಿ ನಿಮ್ಮ ಪರವಾಗಿ ವಾದಿಸುವ ಡಿಫೆನ್ಸ್ ಪ್ರತಿನಿಧಿಯನ್ನು ಆರಿಸುವಾಗ ಸಂಘದಲ್ಲಿರುವ ಹುದ್ದೆಯನ್ನು ನೋಡಬೇಡಿ, ಸಾಲದ ಕಡತವನ್ನು ಓದಬಲ್ಲವರೇ ಎಂದು ನೋಡಿ. ಬ್ಯಾಂಕಿನ ಪರವಾಗಿ ವಕೀಲರು ಮಂಡಿಸುತ್ತಿದ್ದರೆ ಮಾತ್ರ ನಿಮಗೂ ವಕೀಲರ ನೆರವನ್ನು ಹಕ್ಕಾಗಿ ಕೇಳಲು ಬಲ ಬರುತ್ತದೆ. ಉಳಿದಂತೆ ಅದು ಪ್ರಾಧಿಕಾರಿಯ ಅನುಮತಿಗೆ ಬಿಟ್ಟದ್ದು. ಕಲಬುರಗಿಯಲ್ಲಿ ನೆಲೆಸಿದವರನ್ನು ಬೆಂಗಳೂರಿನ ವಿಚಾರಣೆಗೆ ಪದೇ ಪದೇ ಕರೆದರೆ, ವಯಸ್ಸು ಮತ್ತು ಆರೋಗ್ಯದ ಕಾರಣ ಕೊಟ್ಟು ಸ್ಥಳ ಬದಲಾವಣೆಗೋ ವಿಡಿಯೋ ಮೂಲಕ ಹಾಜರಾತಿಗೋ ಲಿಖಿತವಾಗಿ ಕೇಳಿ. ಏನೇ ಆದರೂ ಗೈರುಹಾಜರಾಗಬೇಡಿ.

ತನಿಖಾ ವರದಿಯನ್ನು ಮೇಜಿನ ಮೇಲಿಟ್ಟ ಮಾತ್ರಕ್ಕೆ ಅದು ಸಾಕ್ಷ್ಯವಾಗುವುದಿಲ್ಲ. ಪಂಜಾಬ್ ನ್ಯಾಷನಲ್ ಬ್ಯಾಂಕಿನ ನೌಕರರೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಪೊಲೀಸರು ಸಂಗ್ರಹಿಸಿದ ಕಾಗದಗಳನ್ನು ಯಾರೂ ಸಾಬೀತುಪಡಿಸದೆ ಅವುಗಳ ಮೇಲೆ ಕಟ್ಟಿದ ತೀರ್ಮಾನ ನಿಲ್ಲದು ಎಂದು ಹೇಳಿದೆ. ಆದ್ದರಿಂದ ವರದಿ ಬರೆದವರನ್ನು ಸಾಕ್ಷಿಯಾಗಿ ಕರೆಸಿ ಪಾಟೀಸವಾಲಿಗೆ ಒಡ್ಡಬೇಕೆಂದು ಒತ್ತಾಯಿಸಿ. ಒತ್ತಾಯವನ್ನು ತಿರಸ್ಕರಿಸಿದರೆ ಅದು ದಿನದ ನಡಾವಳಿಯಲ್ಲಿ ದಾಖಲಾಗಿದೆಯೇ ಎಂದು ಓದಿ ನೋಡಿದ ಮೇಲೆಯೇ ಸಹಿ ಹಾಕಿ.

ವಿಚಾರಣಾ ವರದಿಯ ಪ್ರತಿ ನಿಮಗೆ ಸಿಗಲೇಬೇಕು. 1993ರ ಸಂವಿಧಾನ ಪೀಠದ ತೀರ್ಪಿನಿಂದ ಅದು ನಿಂತಿರುವ ಹಕ್ಕು. ವಿಚಾರಣಾಧಿಕಾರಿ ನಿಮ್ಮನ್ನು ನಿರ್ದೋಷಿ ಎಂದಿದ್ದು, ಶಿಸ್ತು ಪ್ರಾಧಿಕಾರಿ ಅದನ್ನು ಒಪ್ಪದಿದ್ದರೆ, ಒಪ್ಪದಿರುವುದಕ್ಕೆ ತಾತ್ಕಾಲಿಕ ಕಾರಣಗಳನ್ನು ಬರೆದು ನಿಮಗೆ ಉತ್ತರಿಸುವ ಅವಕಾಶ ಕೊಡಬೇಕು. ಈ ನಿಯಮವನ್ನು 1998ರಲ್ಲಿ ಸ್ಥಾಪಿಸಿದ್ದೂ ಪಂಜಾಬ್ ನ್ಯಾಷನಲ್ ಬ್ಯಾಂಕಿನ ಪ್ರಕರಣವೇ, ಅಲ್ಲಿದ್ದವರೂ ನಿವೃತ್ತ ಅಧಿಕಾರಿಗಳೇ. ಕೇಂದ್ರ ಜಾಗೃತ ಆಯೋಗದ ಸಲಹೆಯನ್ನು ಪಡೆದಿದ್ದರೆ ಅದರ ಪ್ರತಿಯನ್ನೂ ಕೇಳಿ. ‘ಆಯೋಗ ಹೇಳಿಬಿಟ್ಟಿದೆ, ನಮ್ಮ ಕೈಯಲ್ಲಿ ಏನೂ ಇಲ್ಲ’ ಎಂಬ ಮಾತಿಗೆ ನಮ್ಮ ಮಣಿಪಾಲದ ಸಿಂಡಿಕೇಟ್ ಬ್ಯಾಂಕಿನ ವ್ಯವಸ್ಥಾಪಕರೊಬ್ಬರ ಪ್ರಕರಣವೇ ಉತ್ತರ. ಶಿಕ್ಷೆ ಎಷ್ಟಿರಬೇಕು ಎಂಬ ಬಗ್ಗೆ ಆಯೋಗದ ಸಲಹೆ ಶಿಸ್ತು ಪ್ರಾಧಿಕಾರಿಯನ್ನು ಕಟ್ಟಿಹಾಕುವುದಿಲ್ಲ, ಅವರು ಸ್ವಂತ ವಿವೇಚನೆ ಬಳಸಬೇಕು ಎಂದು ಸುಪ್ರೀಂ ಕೋರ್ಟು 1991ರಲ್ಲಿ ತೀರ್ಪಿತ್ತು, ಹಣಕಾಸು ಸಚಿವಾಲಯದ ವ್ಯತಿರಿಕ್ತ ನಿರ್ದೇಶನವನ್ನು ರದ್ದುಪಡಿಸಿತು.

ವಿಚಾರಣೆ ಎಳೆಯುತ್ತ ಹೋದರೆ 2015ರ ಪ್ರೇಮನಾಥ್ ಬಾಲಿ ತೀರ್ಪನ್ನು ಉಲ್ಲೇಖಿಸಿ ಪತ್ರ ಬರೆಯಿರಿ. ಇಲಾಖಾ ವಿಚಾರಣೆಯನ್ನು ಆದಷ್ಟು ಆರು ತಿಂಗಳಲ್ಲಿ, ತಪ್ಪಿದರೆ ಒಂದು ವರ್ಷದೊಳಗೆ ಮುಗಿಸಲು ಪ್ರಯತ್ನಿಸಬೇಕು ಎಂದು ಅದು ಹೇಳುತ್ತದೆ.

ಆರನೆಯ ಹೆಜ್ಜೆ: ಅಂತಿಮ ಆದೇಶವನ್ನು ಲೆಕ್ಕದ ಕಣ್ಣಿನಿಂದ ಓದಿ

ನಿಮ್ಮ ಪಿಂಚಣಿ ತಿಂಗಳಿಗೆ 45,000 ರೂಪಾಯಿ ಎಂದಿಟ್ಟುಕೊಳ್ಳೋಣ. ಕಡ್ಡಾಯ ನಿವೃತ್ತಿಯ ದಂಡನೆಯಾದರೆ ಪಿಂಚಣಿ ನಿಯಮಾವಳಿಯ 33ನೆಯ ನಿಯಮದ ಪ್ರಕಾರ ಪಿಂಚಣಿ ಮೂರನೆಯ ಎರಡು ಭಾಗಕ್ಕಿಂತ, ಅಂದರೆ 30,000 ರೂಪಾಯಿಗಿಂತ ಕಡಿಮೆಯಾಗುವಂತಿಲ್ಲ. ಪೂರ್ಣ ಪಿಂಚಣಿಗಿಂತ ಕಡಿಮೆ ಕೊಡುವ ಮುನ್ನ ನಿರ್ದೇಶಕ ಮಂಡಳಿಯೊಂದಿಗೆ ಸಮಾಲೋಚಿಸುವುದು ಕಡ್ಡಾಯ ಎಂದು ಸುಪ್ರೀಂ ಕೋರ್ಟು 2025ರ ಜುಲೈನಲ್ಲಿ ಸೆಂಟ್ರಲ್ ಬ್ಯಾಂಕಿನ ಪ್ರಕರಣದಲ್ಲಿ ಹೇಳಿದೆ. ಆ ಪ್ರಕರಣದ ಅಧಿಕಾರಿಯೂ 2014ರಲ್ಲೇ ವಯೋನಿವೃತ್ತರಾಗಿದ್ದವರು. ಮಂಡಳಿಯನ್ನು ಕೇಳದೆ ಮೂರನೆಯ ಒಂದು ಭಾಗ ಕಡಿದ ಆದೇಶ ರದ್ದಾಯಿತು. ಆಮೇಲೆ ಒಪ್ಪಿಗೆ ಪಡೆಯುತ್ತೇವೆ ಎಂಬುದು ಪೂರ್ವ ಸಮಾಲೋಚನೆಗೆ ಬದಲಿಯಾಗಲಾರದು. ನಿಮ್ಮ ಆದೇಶದಲ್ಲಿ ಮಂಡಳಿಯ ಸಭೆಯ ತಾರೀಖು ಇದೆಯೇ ಎಂದು ಮೊದಲು ನೋಡಿ.

48ನೆಯ ನಿಯಮದಡಿ ನಷ್ಟದ ವಸೂಲಿಯಾದರೆ, ಸಾಮಾನ್ಯವಾಗಿ ನಿವೃತ್ತಿಯ ದಿನದ ಪಿಂಚಣಿಯ ಮೂರನೆಯ ಒಂದು ಭಾಗವನ್ನು, ನಮ್ಮ ಉದಾಹರಣೆಯಲ್ಲಿ ತಿಂಗಳಿಗೆ 15,000 ರೂಪಾಯಿಯನ್ನು ಮೀರುವಂತಿಲ್ಲ. ಕಡಿತದ ನಂತರ ಉಳಿಯುವ ಪಿಂಚಣಿ ಕನಿಷ್ಠ ಪಿಂಚಣಿಗಿಂತ ಕೆಳಗಿಳಿಯಬಾರದು. ಸಾಲದ ಪೂರ್ತಿ ಬಾಕಿಯನ್ನೇ ‘ನಷ್ಟ’ ಎಂದು ಬರೆದಿದ್ದರೆ ಆಕ್ಷೇಪಿಸಿ. ಅಡಮಾನದ ಆಸ್ತಿ ಹರಾಜಾಗಿಲ್ಲ, ಜಾಮೀನುದಾರರ ಮೇಲೆ ದಾವೆ ಮುಗಿದಿಲ್ಲ ಎಂದಾದರೆ ನಷ್ಟದ ಮೊತ್ತ ಇನ್ನೂ ಗಟ್ಟಿಯಾಗಿಲ್ಲ.

ವಜಾ ಅಥವಾ ಸೇವೆಯಿಂದ ತೆಗೆಯುವ ಆದೇಶವಾದರೆ 22ನೆಯ ನಿಯಮದ ಪ್ರಕಾರ ಹಿಂದಿನ ಸೇವೆಯೆಲ್ಲ ಮುಟ್ಟುಗೋಲಾಗಿ ಪಿಂಚಣಿ ಹೋಗುತ್ತದೆ. ಆಗಲೂ ಒಂದು ಬಾಗಿಲು ತೆರೆದಿರುತ್ತದೆ. 31ನೆಯ ನಿಯಮದಡಿ, ವಿಶೇಷ ಪರಿಗಣನೆಗೆ ಅರ್ಹವಾದ ಪ್ರಕರಣಗಳಲ್ಲಿ, ವಜಾ ಮಾಡಲು ಸಕ್ಷಮರಾದವರಿಗಿಂತ ಮೇಲಿನ ಪ್ರಾಧಿಕಾರಿ ಪಿಂಚಣಿಯ ಮೂರನೆಯ ಎರಡು ಭಾಗದವರೆಗೆ ಅನುಕಂಪದ ಭತ್ಯೆ ಮಂಜೂರು ಮಾಡಬಹುದು. ಇದಕ್ಕಾಗಿ ಅರ್ಜಿ ಹಾಕುವುದನ್ನು ಅವಮಾನವೆಂದು ಬಗೆದು ಬಿಟ್ಟವರಿದ್ದಾರೆ. ಮನೆಯಲ್ಲಿ ಔಷಧಿಯ ಖರ್ಚಿರುವ ಹಿರಿಯರು ಹಾಗೆ ಬಿಡಬಾರದು. ಸೇವಾವಧಿ, ಹಿಂದಿನ ಕಳಂಕರಹಿತ ದಾಖಲೆ, ಸ್ವಂತ ಲಾಭ ಮಾಡಿಕೊಂಡಿಲ್ಲ ಎಂಬ ಅಂಶ, ಕುಟುಂಬದ ಆರೋಗ್ಯ ಸ್ಥಿತಿ, ಇವನ್ನು ದಾಖಲೆ ಸಮೇತ ಬರೆಯಿರಿ.

ಏಳನೆಯ ಹೆಜ್ಜೆ: ಮೇಲ್ಮನವಿ ಮತ್ತು ನ್ಯಾಯಾಲಯ

ಅಧಿಕಾರಿಗಳ ಶಿಸ್ತು ಮತ್ತು ಮೇಲ್ಮನವಿ ನಿಯಮಾವಳಿಯಂತೆ, ಆದೇಶ ಕೈಸೇರಿದ 45 ದಿನಗಳೊಳಗೆ ಮೇಲ್ಮನವಿ ಸಲ್ಲಿಸಬೇಕು. ಪುನರ್ವಿಮರ್ಶೆಯ ಅಧಿಕಾರಕ್ಕೆ ಆರು ತಿಂಗಳ ಮಿತಿ ಇದೆ. ಇವನ್ನು ದಾಟದೆ ನೇರವಾಗಿ ಹೈಕೋರ್ಟಿಗೆ ಹೋದರೆ, ಮೊದಲು ಮೇಲ್ಮನವಿ ಮುಗಿಸಿ ಬನ್ನಿ ಎಂದು ಹಿಂದಿರುಗಿಸುವ ಸಾಧ್ಯತೆ ಹೆಚ್ಚು. ಬರೀ ಆರೋಪಪಟ್ಟಿಯ ಹಂತದಲ್ಲಿ ರಿಟ್ ಅರ್ಜಿಯನ್ನು ನ್ಯಾಯಾಲಯಗಳು ಸಾಮಾನ್ಯವಾಗಿ ಪುರಸ್ಕರಿಸುವುದಿಲ್ಲ. ಆರೋಪಪಟ್ಟಿ ನಿವೃತ್ತಿಯ ನಂತರ ಹೊರಟದ್ದು, ಅಧಿಕಾರವ್ಯಾಪ್ತಿಯೇ ಇಲ್ಲ ಎಂಬ ಪ್ರಕರಣ ಇದಕ್ಕೆ ಅಪವಾದವಾಗಬಲ್ಲದು. ರಾಷ್ಟ್ರೀಕೃತ ಬ್ಯಾಂಕಿನವರು ಕೇಂದ್ರ ಆಡಳಿತಾತ್ಮಕ ನ್ಯಾಯಮಂಡಳಿಗೆ ಹೋಗುವಂತಿಲ್ಲ. ಹೈಕೋರ್ಟಿನ ಬೆಂಗಳೂರು, ಧಾರವಾಡ, ಕಲಬುರಗಿ ಪೀಠಗಳಲ್ಲಿ ನಿಮ್ಮ ಜಿಲ್ಲೆಗೆ ಸೇರಿದ್ದರಲ್ಲಿ ಸಂವಿಧಾನದ 226ನೆಯ ವಿಧಿಯಡಿ ಅರ್ಜಿ ಹಾಕಬೇಕು.

ಗ್ರಾಚ್ಯುಟಿಗೆ ಬೇರೆ ದಾರಿ, ಮತ್ತು ಅದು ಅಗ್ಗದ ದಾರಿ. 1972ರ ಕಾಯ್ದೆಯಡಿ ಬ್ಯಾಂಕಿಗೆ ನಮೂನೆ ‘ಐ’ನಲ್ಲಿ ಅರ್ಜಿ ಕೊಟ್ಟು, ಅದು ತಿರಸ್ಕರಿಸಿದರೆ ಅಥವಾ ಉತ್ತರಿಸದಿದ್ದರೆ 90 ದಿನಗಳೊಳಗೆ ನಮೂನೆ ‘ಎನ್’ನಲ್ಲಿ ನಿಯಂತ್ರಣ ಪ್ರಾಧಿಕಾರಿಗೆ ದೂರು ಸಲ್ಲಿಸಬೇಕು. ಒಂದಕ್ಕಿಂತ ಹೆಚ್ಚು ರಾಜ್ಯಗಳಲ್ಲಿ ಶಾಖೆಗಳಿರುವ ಬ್ಯಾಂಕಿಗೆ ಆ ಪ್ರಾಧಿಕಾರಿ ಕೇಂದ್ರದ ಸಹಾಯಕ ಕಾರ್ಮಿಕ ಆಯುಕ್ತರು. ರಾಜ್ಯ ಕಾರ್ಮಿಕ ಇಲಾಖೆಯ ಕಚೇರಿಗೆ ಕೊಟ್ಟ ಅರ್ಜಿ ತಿಂಗಳುಗಟ್ಟಲೆ ಸುತ್ತಾಡಿ ಹಿಂದಿರುಗುತ್ತದೆ. ಗ್ರಾಚ್ಯುಟಿಯನ್ನು 30 ದಿನಗಳಲ್ಲಿ ಕೊಡದಿದ್ದರೆ ಶೇಕಡಾ 10ರ ಸರಳ ಬಡ್ಡಿ ಸಲ್ಲಬೇಕು. ನೌಕರನ ತಪ್ಪಿನಿಂದ ತಡವಾಯಿತು ಎಂದು ಬ್ಯಾಂಕು ಹೇಳುವುದಾದರೆ ಅದಕ್ಕೆ ನಿಯಂತ್ರಣ ಪ್ರಾಧಿಕಾರಿಯ ಲಿಖಿತ ಅನುಮತಿ ಪಡೆದಿರಬೇಕು. ಅಂಥ ಅನುಮತಿ ಇದೆಯೇ ಎಂದು ಕೇಳಿ, ಆರೋಪಮುಕ್ತರಾದವರು ಬಡ್ಡಿಯನ್ನು ಬಿಡದೆ ಕೋರಬೇಕು. ಪ್ರಾಧಿಕಾರಿಯ ಆದೇಶದ ಮೇಲೆ 60 ದಿನಗಳಲ್ಲಿ ಮೇಲ್ಮನವಿ ಹಾಕಬಹುದು.

ಕುಟುಂಬದವರಿಗೆ ಒಂದು ಮಾತು

ವಿಚಾರಣೆ ನಡೆಯುತ್ತಿರುವಾಗಲೇ ನಿವೃತ್ತ ನೌಕರ ತೀರಿಕೊಂಡರೆ ಇಲಾಖಾ ಕ್ರಮ ಅಲ್ಲಿಗೆ ನಿಲ್ಲುತ್ತದೆ. ಸತ್ತವರ ಮೇಲೆ ಅಪರಾಧ ಸ್ಥಾಪಿಸಲಾಗದು, ಸ್ಥಾಪಿತವಾಗದ ಅಪರಾಧಕ್ಕೆ ಹೆಂಡತಿ ಮಕ್ಕಳ ಹಣವನ್ನು ಹಿಡಿದಿಡಲೂ ಆಗದು. ಆ ಸಂಗತಿ ತಿಳಿಯದೆ, ಬ್ಯಾಂಕಿನ ‘ಪರಿಶೀಲನೆಯಲ್ಲಿದೆ’ ಎಂಬ ಉತ್ತರವನ್ನು ನಂಬಿ ವರ್ಷಗಟ್ಟಲೆ ಕಾದ ವಿಧವೆಯರಿದ್ದಾರೆ. ಮರಣ ಪ್ರಮಾಣಪತ್ರದೊಂದಿಗೆ ಮೂರು ಬೇಡಿಕೆಗಳನ್ನು ಒಂದೇ ಪತ್ರದಲ್ಲಿ ಸಲ್ಲಿಸಬೇಕು: ಶಿಸ್ತು ಕ್ರಮ ಮುಕ್ತಾಯವಾಯಿತೆಂಬ ಲಿಖಿತ ಆದೇಶ, ಕುಟುಂಬ ಪಿಂಚಣಿ, ಮತ್ತು ನಾಮನಿರ್ದೇಶಿತರಿಗೆ ಗ್ರಾಚ್ಯುಟಿ ಹಾಗೂ ಉಳಿದ ಬಾಕಿ. ಇದಕ್ಕೆ ಬೇಕಾಗುವ ಚಾರ್ಜ್‌ಶೀಟು, ಲಕೋಟೆ, ಪತ್ರಗಳ ಪ್ರತಿ, ನಾಮನಿರ್ದೇಶನದ ಪ್ರತಿ, ಪಿಂಚಣಿ ಸಂಖ್ಯೆ ಮತ್ತು ನಿಮ್ಮ ಡಿಫೆನ್ಸ್ ಪ್ರತಿನಿಧಿಯ ಫೋನ್ ಸಂಖ್ಯೆಯನ್ನು ಒಂದೇ ಕಡತದಲ್ಲಿ ಹಾಕಿ, ಅದು ಯಾವ ಕಪಾಟಿನಲ್ಲಿದೆ ಎಂದು ಮನೆಯವರಿಗೆ ಇಂದೇ ತೋರಿಸಿಡಿ.